ಆರಡಿ ಹಾಸಿಗೆ, ಐದಡಿ ಗಾಡಿ: ಕಾರವಾರದಿಂದ ಶಿರಸಿಗೆ ದೊಡ್ಡ ಹಾಸಿಗೆ ಸಾಗಿಸುವ ಸಮಗ್ರ ಮಾರ್ಗದರ್ಶಿ

ಮನೆ ಬದಲಿಸುವಾಗ ಮಂಚವನ್ನು ಬಿಚ್ಚಿ ಹಲಗೆ ಮಾಡಬಹುದು. ಪಾತ್ರೆಗಳನ್ನು ಗೋಣಿಚೀಲಕ್ಕೆ ತುಂಬಬಹುದು. ಕಪಾಟನ್ನು ನಾಲ್ಕು ಜನ ಸೇರಿ ಮಲಗಿಸಬಹುದು. ಡಬಲ್ ಹಾಸಿಗೆ ಮಾತ್ರ ಯಾವುದಕ್ಕೂ ಬಗ್ಗುವುದಿಲ್ಲ. ಬಿಚ್ಚಲು ಬರುವುದಿಲ್ಲ, ಹಿಡಿಯಲು ಸರಿಯಾದ ಜಾಗ ಇಲ್ಲ, ಸಣ್ಣ ಗಾಡಿಯ ಡಾಲಾದಲ್ಲಿ, ಅಂದರೆ ಹಿಂದೆ ಸಾಮಾನು ತುಂಬುವ ಜಾಗದಲ್ಲಿ, ಹಿಡಿಸುವುದೂ ಇಲ್ಲ. ಅದಕ್ಕೇ ಹೆಚ್ಚಿನವರು ಅದನ್ನು ಕೊನೆಗೆ ಉಳಿಸಿ, ಎಲ್ಲ ಸಾಮಾನಿನ ಮೇಲೆ ಮಲಗಿಸಿ, ಒಂದು ಹಗ್ಗ ಬಿಗಿದು ಹೊರಟುಬಿಡುತ್ತಾರೆ. ಹೆದ್ದಾರಿಗೆ ಬಂದ ಮೇಲೆ ಅದು ಪಟಪಟ ಹಾರಲು ಶುರು ಮಾಡುತ್ತದೆ.

ನಮ್ಮ ಉತ್ತರ ಕನ್ನಡ ಜಿಲ್ಲೆಯಲ್ಲಿ ಈ ಕೆಲಸ ಇನ್ನೂ ಸ್ವಲ್ಪ ಕಷ್ಟ. ಕೆಳಗೆ ಸಮುದ್ರದ ಗಾಳಿ, ಮಧ್ಯೆ ಘಟ್ಟದ ತಿರುವು, ಮೇಲೆ ಹೋದರೆ ಗಾಡಿ ಹೋಗದ ತೋಟದ ಮನೆ. ಜೂನ್‌ನಿಂದ ಸೆಪ್ಟೆಂಬರ್‌ವರೆಗೆ ಮಳೆ ಬೇರೆ. ಆದರೂ ಸರಿಯಾಗಿ ಅಳತೆ ಮಾಡಿ, ಸರಿಯಾಗಿ ಕಟ್ಟಿದರೆ ಟಾಟಾ ಏಸ್‌ನಂಥ ಸಣ್ಣ ಬಾಡಿಗೆ ಗಾಡಿಯಲ್ಲೇ ಆರಡಿ ಅಗಲದ ಹಾಸಿಗೆ ಕಾರವಾರದಿಂದ ಶಿರಸಿಗೆ ಒಂದು ಕಲೆಯೂ ಆಗದಂತೆ ತಲುಪುತ್ತದೆ. ಅದು ಹೇಗೆ ಅಂತ ಒಂದೊಂದಾಗಿ ನೋಡೋಣ.

ಮೊದಲು ಹಾಸಿಗೆ ಯಾವುದು ಅಂತ ತಿಳಿದುಕೊಳ್ಳಿ

ಅಂಚಿನಲ್ಲಿ ಹೊಲಿದ ಚೀಟಿ ನೋಡಿ. ಚೀಟಿ ಕಿತ್ತುಹೋಗಿದ್ದರೆ ಕೈಯಿಂದ ಒತ್ತಿ ನೋಡಿ. ನಾಲ್ಕು ಜಾತಿಯ ಹಾಸಿಗೆ ನಮ್ಮ ಮನೆಗಳಲ್ಲಿ ಜಾಸ್ತಿ.

ಕಾಯರ್ ಹಾಸಿಗೆ ತೆಂಗಿನ ನಾರಿಗೆ ರಬ್ಬರ್ ಹಾಲು ಸೇರಿಸಿ ಒತ್ತಿ ಮಾಡಿದ ಗಟ್ಟಿ ಹಾಳೆ. ಇದನ್ನು ಮಡಚಲೇಬಾರದು. ಮಡಚಿದರೆ ಒಳಗಿನ ನಾರು ಮುರಿದು ನಡುವೆ ಗೆರೆ ಬೀಳುತ್ತದೆ. ಆ ಗೆರೆ ಮತ್ತೆ ಕೂಡುವುದಿಲ್ಲ. ಆಮೇಲೆ ಮಲಗಿದಾಗಲೆಲ್ಲ ಸೊಂಟಕ್ಕೆ ಅದು ಗೊತ್ತಾಗುತ್ತದೆ.

ಸ್ಪ್ರಿಂಗ್ ಹಾಸಿಗೆಯನ್ನೂ ಮಡಚಬಾರದು. ಒಂದಕ್ಕೊಂದು ತಂತಿಯಿಂದ ಜೋಡಿಸಿದ ಹಳೇ ಮಾದರಿಯ ಸ್ಪ್ರಿಂಗ್ ಇದ್ದರೆ ಬಗ್ಗಿಸಿದ ಕೂಡಲೇ ಅಂಚಿನ ತಂತಿ ಸೊಟ್ಟಗಾಗುತ್ತದೆ. ಪ್ರತಿ ಸ್ಪ್ರಿಂಗ್‌ಗೂ ಬೇರೆ ಬಟ್ಟೆ ಚೀಲ ಇರುವ ಪಾಕೆಟ್ ಸ್ಪ್ರಿಂಗ್ ಮಾದರಿ ಸ್ವಲ್ಪ ಬಾಗುತ್ತದೆ. ಬಾಗುವುದು ಬೇರೆ, ಮಡಚುವುದು ಬೇರೆ.

ಫೋಮ್ ಹಾಸಿಗೆಗೆ ಅಷ್ಟು ಹೆದರಬೇಕಿಲ್ಲ. ಮೆಮೊರಿ ಫೋಮ್ ಆದರೂ ಒಂದೆರಡು ಗಂಟೆ ಮಡಚಿಟ್ಟರೆ ಹಾಳಾಗುವುದಿಲ್ಲ. ಆದರೆ ಅಂಗಡಿಯಿಂದ ಸುರುಳಿ ಸುತ್ತಿ ಡಬ್ಬಿಯಲ್ಲಿ ಬಂದ ಹಾಸಿಗೆಯನ್ನು ಮನೆಯಲ್ಲಿ ಮತ್ತೆ ಅಷ್ಟೇ ಸಣ್ಣ ಸುರುಳಿ ಮಾಡಲು ಹೋಗಬೇಡಿ. ಫ್ಯಾಕ್ಟರಿಯಲ್ಲಿ ಅದನ್ನು ಯಂತ್ರದಿಂದ ಒತ್ತಿ ಗಾಳಿ ಹೊರತೆಗೆದು ಸುತ್ತಿರುತ್ತಾರೆ. ಕೈಯಿಂದ ಆ ಕೆಲಸ ಆಗದು.

ಲೇಟೆಕ್ಸ್ ಹಾಸಿಗೆ ಬಾಗುತ್ತದೆ, ಆದರೆ ಭಾರ ಜಾಸ್ತಿ. ಒಂದು ಮೂಲೆ ಹಿಡಿದು ಎಳೆದರೆ ಒಳಗೆ ಹರಿಯುತ್ತದೆ. ಅದನ್ನು ಯಾವಾಗಲೂ ಅಡಿಯಿಂದ ಹೊರಬೇಕು.

ಹತ್ತಿ ಗಾದಿ ಇದ್ದವರಿಗೆ ಈ ಯಾವ ಚಿಂತೆಯೂ ಇಲ್ಲ. ಸುತ್ತಿ, ಹಗ್ಗ ಕಟ್ಟಿ, ತಾಡಪತ್ರಿಯಲ್ಲಿ ಹಾಕಿಬಿಡಿ. ನೀರು ತಾಗದಿದ್ದರೆ ಸಾಕು.

ಟೇಪ್ ಹಿಡಿದು ಅಳೆಯಿರಿ

ಅಂಗಡಿಯಲ್ಲಿ ಕಿಂಗ್ ಸೈಜ್ ಅನ್ನುವುದು ಸಾಮಾನ್ಯವಾಗಿ 78 ಇಂಚು ಉದ್ದ, 72 ಇಂಚು ಅಗಲ. ಕ್ವೀನ್ ಸೈಜ್ 78 ಇಂಚು ಉದ್ದ, 60 ಇಂಚು ಅಗಲ. 72 ಅಥವಾ 75 ಇಂಚು ಉದ್ದದವೂ ಇವೆ. ದಪ್ಪ 5ರಿಂದ 10 ಇಂಚು. ನಿಮ್ಮದನ್ನು ನೀವೇ ಅಳೆಯಿರಿ, ಬಿಲ್ ನಂಬಬೇಡಿ. ಬಳಸಿದ ಹಾಸಿಗೆ ಸ್ವಲ್ಪ ಹಿಗ್ಗಿರಬಹುದು.

ಈಗ ಗಾಡಿ. ಟಾಟಾ ಏಸ್ ಗೋಲ್ಡ್‌ನ ಡಾಲಾ 2200 ಮಿ.ಮೀ. ಉದ್ದ, 1490 ಮಿ.ಮೀ. ಅಗಲ. ಪಕ್ಕದ ಬಾಗಿಲಿನ ಎತ್ತರ 300 ಮಿ.ಮೀ. ಇಂಚಿನಲ್ಲಿ ಹೇಳಿದರೆ ಉದ್ದ ಸುಮಾರು 86, ಅಗಲ 58ರ ಮೇಲೆ ಸ್ವಲ್ಪ, ಎತ್ತರ 12. ಕ್ವೀನ್ ಹಾಸಿಗೆಗೆ ಒಂದೂಕಾಲು ಇಂಚು ಸಾಲದು. ಕಿಂಗ್‌ಗೆ 13 ಇಂಚು ಸಾಲದು. ಮುಂದೆ ಹೇಳುವುದೆಲ್ಲ ಈ 13 ಇಂಚಿನ ಲೆಕ್ಕದ ಮೇಲೆ ನಿಂತಿದೆ.

ಬೊಲೆರೊ ಪಿಕಪ್ ಸಿಕ್ಕರೆ ಇನ್ನೂ ಒಳ್ಳೆಯದು. ಅದರ ಡಾಲಾ ಅಗಲ ಐದೂವರೆ ಅಡಿ ಆಸುಪಾಸು. ಕ್ವೀನ್ ಹಾಸಿಗೆ ಆರಾಮಾಗಿ ಮಲಗುತ್ತದೆ. ಕಿಂಗ್‌ಗೆ ಅಲ್ಲೂ ನಾಲ್ಕೈದು ಇಂಚು ಕಡಿಮೆಯೇ. ಮೂರು ಗಾಲಿಯ ಗೂಡ್ಸ್ ರಿಕ್ಷಾ ಊರೊಳಗೆ ಸಿಂಗಲ್ ಹಾಸಿಗೆಗೆ ಸರಿ, ಘಟ್ಟ ಹತ್ತಿಸಲು ಬೇಡ.

ಒಂದೇ ಕಂಪನಿಯ ಗಾಡಿಯಾದರೂ ಡಾಲಾ ಒಂದೇ ಇರುವುದಿಲ್ಲ. ಕೆಲವರು ಪಕ್ಕಕ್ಕೆ ಕಬ್ಬಿಣದ ಜಾಲರಿ ಹಾಕಿ ಎತ್ತರಿಸಿರುತ್ತಾರೆ, ಕೆಲವರು ಒಳಗೆ ದಪ್ಪ ತಗಡು ಹೊಡೆಸಿರುತ್ತಾರೆ. ಬಾಡಿಗೆ ಮಾತಾಡುವ ಮೊದಲೇ ಒಳಗಿನ ಅಗಲವನ್ನು ತಳದಲ್ಲಿ ಒಮ್ಮೆ, ಮೇಲಂಚಿನಲ್ಲಿ ಒಮ್ಮೆ ಅಳೆಯಿರಿ. ಚಕ್ರದ ಮೇಲಿನ ಉಬ್ಬು ಡಾಲಾ ಒಳಗೆ ಬಂದಿದೆಯಾ ಅಂತಲೂ ನೋಡಿ.

ಗಾಡಿಯಲ್ಲಿ ಮೊನ್ನೆ ಏನು ಹೊತ್ತಿದ್ದರು?

ಕರಾವಳಿಯಲ್ಲಿ ಇದು ತುಂಬಾ ಮುಖ್ಯವಾದ ಪ್ರಶ್ನೆ. ಬೆಳಗಿನ ಜಾವ ಮೀನು ಹೊತ್ತು ಘಟ್ಟ ಹತ್ತಿದ ಗಾಡಿ ಖಾಲಿ ಇಳಿಯುತ್ತದೆ. ಅದೇ ಗಾಡಿಗೆ ಮಧ್ಯಾಹ್ನ ಬೇರೆ ಬಾಡಿಗೆ ಸಿಕ್ಕರೆ ಡ್ರೈವರ್ ಕಡಿಮೆ ರೇಟು ಹೇಳಬಹುದು. ಪಾತ್ರೆ, ಕುರ್ಚಿಗಾದರೆ ಖುಷಿಯಿಂದ ಒಪ್ಪಿಕೊಳ್ಳಿ. ಹಾಸಿಗೆಗೆ ಬೇಡ. ಮಂಜುಗಡ್ಡೆ ಕರಗಿದ ಮೀನಿನ ನೀರು ತಗಡಿನ ಸಂದಿಯಲ್ಲಿ, ಬೋಲ್ಟಿನ ಬುಡದಲ್ಲಿ ಉಳಿದಿರುತ್ತದೆ. ಫೋಮ್ ಆ ವಾಸನೆಯನ್ನು ಹೀರಿಕೊಂಡರೆ ತಿಂಗಳಾದರೂ ಬಿಡುವುದಿಲ್ಲ.

ಚಿರೇಕಲ್ಲು ಹೊತ್ತ ಗಾಡಿಯಲ್ಲಿ ಕೆಂಪು ಪುಡಿ, ಸಿಮೆಂಟ್ ಹೊತ್ತದ್ದರಲ್ಲಿ ಬೂದು ಪುಡಿ. ಇವೆರಡೂ ಗುಡಿಸಿ ತೊಳೆದರೆ ಹೋಗುತ್ತವೆ. ಹಿಂದಿನ ಸಂಜೆಯೇ ತೊಳೆಸಿ, ರಾತ್ರಿ ಒಣಗಲು ಬಿಡಿಸಿ. ಬೆಳಿಗ್ಗೆ ಬಂದ ಮೇಲೆ ತೊಳೆಸಿದರೆ ಒದ್ದೆ ತಗಡಿನ ಮೇಲೆ ಹಾಸಿಗೆ ಇಡಬೇಕಾಗುತ್ತದೆ.

ಬಾಡಿಗೆ ಮಾತಾಡುವಾಗ ಎಲ್ಲ ಬಿಡಿಸಿ ಹೇಳಿ. ಎಲ್ಲಿಂದ ಎಲ್ಲಿಗೆ, ಯಾವ ದಾರಿ, ಹತ್ತಿಸಲು ಇಳಿಸಲು ಜನ ಯಾರು ಕೊಡುತ್ತಾರೆ, ಕಾಯಬೇಕಾದರೆ ಎಷ್ಟು, ಹಿಂದಿರುಗುವ ಖಾಲಿ ಓಟ ಅದರಲ್ಲೇ ಸೇರಿದೆಯಾ. "ಡ್ರೈವರಣ್ಣ, ಒಂದು ಡಬಲ್ ಹಾಸಿಗೆ ಇದೆ, ಅದನ್ನು ನಿಧಾನ ಒಯ್ಯಬೇಕು" ಅಂತ ಮೊದಲೇ ಹೇಳಿಬಿಡಿ. ಅವಸರದಲ್ಲಿ ಇರುವವರು ಆಗಲೇ ಬೇರೆ ಗಾಡಿ ತೋರಿಸುತ್ತಾರೆ. ಅದು ನಿಮಗೂ ಒಳ್ಳೆಯದೇ.

ಗಾಳಿಯ ಲೆಕ್ಕ

ಎಂಟಿಂಚು ದಪ್ಪದ ಕಿಂಗ್ ಸೈಜ್ ಫೋಮ್ ಹಾಸಿಗೆ ಸುಮಾರು 25ರಿಂದ 35 ಕೆ.ಜಿ. ತೂಗುತ್ತದೆ, ಫೋಮ್ ಎಷ್ಟು ಗಟ್ಟಿ ಅನ್ನುವುದರ ಮೇಲೆ. ಅಂದರೆ ಒಂದು ಅಕ್ಕಿ ಮೂಟೆಯಷ್ಟೂ ಭಾರ ಇಲ್ಲ. ಆದರೆ ಅದರ ಮೈ 3.6 ಚದರ ಮೀಟರ್ ಇದೆ. ಗಂಟೆಗೆ 60 ಕಿ.ಮೀ. ವೇಗದಲ್ಲಿ ಗಾಳಿ ಒಂದು ಚದರ ಮೀಟರ್ ಮೇಲೆ ಸುಮಾರು 17 ಕೆ.ಜಿ. ಭಾರದಷ್ಟು ಒತ್ತುತ್ತದೆ. ಹಾಸಿಗೆಯನ್ನು ಗಾಡಿಗೆ ಅಡ್ಡಲಾಗಿ, ಗಾಳಿಗೆ ಎದೆ ಕೊಟ್ಟಂತೆ ನಿಲ್ಲಿಸಿದರೆ ಅದರ ಮೇಲೆ 60 ಕೆ.ಜಿ.ಗೂ ಜಾಸ್ತಿ ಒತ್ತಡ ಬೀಳುತ್ತದೆ. ಹಾಸಿಗೆಯ ತೂಕದ ಎರಡು ಪಟ್ಟು! ಎದುರಿನಿಂದ ಬಸ್ಸೋ ಲಾರಿಯೋ ಹಾದರೆ ಇನ್ನೂ ಜಾಸ್ತಿ.

ವೇಗ ಇಮ್ಮಡಿಯಾದರೆ ಗಾಳಿಯ ಒತ್ತಡ ನಾಲ್ಕು ಪಟ್ಟು ಆಗುತ್ತದೆ. ಹಾಗೆಯೇ 60ರಿಂದ 40ಕ್ಕೆ ಇಳಿಸಿದರೆ ಒತ್ತಡ ಅರ್ಧಕ್ಕಿಂತ ಕಡಿಮೆ ಆಗುತ್ತದೆ. ಹಗ್ಗ ಎಷ್ಟೇ ಗಟ್ಟಿ ಇರಲಿ, ನಿಧಾನ ಹೋಗುವುದರಿಂದ ಸಿಗುವ ರಕ್ಷಣೆ ಅದರಿಂದ ಸಿಗುವುದಿಲ್ಲ.

ಮಲಗಿಸಿದ ಹಾಸಿಗೆಗೂ ಗಾಳಿಯ ಕಾಟ ಇದೆ. ಮುಂದಿನ ಅಂಚು ಕ್ಯಾಬಿನ್‌ಗಿಂತ ಮೇಲಿದ್ದರೆ ಗಾಳಿ ಅಡಿಗೆ ನುಗ್ಗಿ ಎತ್ತುತ್ತದೆ. ಆದ್ದರಿಂದ ಸಾಮಾನಿನ ರಾಶಿಯ ತುದಿಯಲ್ಲಿ ಹಾಸಿಗೆ ಇಡುವ ರೂಢಿಯನ್ನು ಬಿಟ್ಟುಬಿಡಿ. ಹಾಸಿಗೆಯ ಜಾಗ ತಳದಲ್ಲಿ, ಕ್ಯಾಬಿನ್‌ನ ಮರೆಯಲ್ಲಿ.

ಹೇಗೆ ಇಡುವುದು?

ಕ್ವೀನ್ ಹಾಸಿಗೆಯಾದರೆ ಡಾಲಾದಲ್ಲಿ ಮಲಗಿಸಿ, ಪಕ್ಕದ ಬಾಗಿಲು ಒಂದನ್ನು ಇಳಿಸಿ ಒಳಗೆ ತಳ್ಳಿ, ಬಾಗಿಲು ಎತ್ತಿ ಕೊಂಡಿ ಹಾಕಿ. ಒಂದೂಕಾಲು ಇಂಚು ಫೋಮ್‌ಗೆ ಲೆಕ್ಕವೇ ಅಲ್ಲ, ಒತ್ತಿಕೊಂಡು ಕೂರುತ್ತದೆ. ಸ್ಪ್ರಿಂಗ್ ಹಾಸಿಗೆಯೂ ಅಷ್ಟಕ್ಕೆ ತಡೆಯುತ್ತದೆ. ಕಾಯರ್ ಹಾಸಿಗೆಯಾದರೆ ಒತ್ತಬೇಡಿ, ಅದಕ್ಕೆ ಪಿಕಪ್ ನೋಡಿ.

ಕಿಂಗ್ ಫೋಮ್ ಹಾಸಿಗೆಗೆ ನನಗೆ ಹಿಡಿಸಿದ ವಿಧಾನ ಬೇರೆ. ಡಾಲಾದ ಎರಡೂ ಉದ್ದದ ಮೂಲೆಗಳಲ್ಲಿ ತಲೆದಿಂಬು, ಕಂಬಳಿ, ಬಟ್ಟೆ ಗಂಟುಗಳನ್ನು ಸಾಲಾಗಿ ಇಡಿ. ಅದರ ಮೇಲೆ ಹಾಸಿಗೆಯನ್ನು ಇಳಿಸಿ. ಎರಡೂ ಅಂಚು ಮೇಲೆದ್ದು, ಮಧ್ಯ ತಗ್ಗಾಗಿ, ಹಾಸಿಗೆ ಅಡಿಕೆ ಹಾಳೆಯ ಹಾಗೆ ಕೂರುತ್ತದೆ. 13 ಇಂಚಿನ ಕೊರತೆ ಹೀಗೆ ಎರಡು ಕಡೆ ಹಂಚಿ ಹೋಗುತ್ತದೆ. ಮೂಲೆಯಲ್ಲಿ ಮೆತ್ತೆ ಇಟ್ಟಿರುವುದರಿಂದ ಬಾಗು ದುಂಡಗೆ ಬರುತ್ತದೆ, ಗೆರೆ ಬೀಳುವುದಿಲ್ಲ. ಮಧ್ಯದ ತಗ್ಗಿನಲ್ಲಿ ಹಗುರ ಸಾಮಾನು ಇಡಬಹುದು: ಬಟ್ಟೆ ಗಂಟು, ಪರದೆ, ಚಾಪೆ. ಅವು ಹಾಸಿಗೆಯನ್ನು ತಳಕ್ಕೆ ಒತ್ತಿ ಹಿಡಿಯುತ್ತವೆ. ಮಿಕ್ಸರ್, ಗ್ಯಾಸ್ ಒಲೆ, ಪುಸ್ತಕದ ಡಬ್ಬಿ ಇಡಬೇಡಿ. ಘಟ್ಟದ ಕುಲುಕಾಟದಲ್ಲಿ ಅವುಗಳ ಮೂಲೆ ಫೋಮ್‌ಗೆ ತೂತು ಮಾಡುತ್ತದೆ. ಪಾಕೆಟ್ ಸ್ಪ್ರಿಂಗ್ ಹಾಸಿಗೆಯನ್ನೂ ಹೀಗೆ ಒಯ್ಯಬಹುದು, ಆದರೆ ಮೆತ್ತೆ ದಪ್ಪ ಇರಲಿ, ಬಾಗು ಕಡಿಮೆ ಇರಲಿ. ತಂತಿ ಜೋಡಿಸಿದ ಸ್ಪ್ರಿಂಗ್‌ಗೂ ಕಾಯರ್‌ಗೂ ಈ ವಿಧಾನ ಬೇಡ.

ಅವೆರಡಕ್ಕೆ ಉಳಿಯುವುದು ನಿಲ್ಲಿಸುವ ದಾರಿ. 78 ಇಂಚಿನ ಅಂಚನ್ನು ತಳಕ್ಕೆ ಮಾಡಿ, ಗಾಡಿಯ ಉದ್ದಕ್ಕೆ ನಿಲ್ಲಿಸಿ. ಹೀಗೆ ನಿಂತರೆ ಎದುರುಗಾಳಿಗೆ ಸಿಗುವುದು ಬರೀ ದಪ್ಪದ ಅಂಚು. ಆದರೆ ಹಾಸಿಗೆ ಕ್ಯಾಬಿನ್‌ಗಿಂತ ಎರಡು ಅಡಿಗೂ ಮೇಲೆ ಚಾಚುತ್ತದೆ, ಪಕ್ಕದ ಗಾಳಿಗೆ ಪೂರ್ತಿ ತೆರೆದುಕೊಳ್ಳುತ್ತದೆ. ಅದಕ್ಕೆ ಒಂಟಿಯಾಗಿ ನಿಲ್ಲಿಸಬಾರದು. ಒಂದು ಪಕ್ಕಕ್ಕೆ ಮಂಚದ ತಲೆಹಲಗೆ, ಇನ್ನೊಂದು ಪಕ್ಕಕ್ಕೆ ಮಂಚದ ಪ್ಲೈವುಡ್ ಹಲಗೆ ಕೊಟ್ಟು, ಮೂರನ್ನೂ ಸೇರಿಸಿ ಒಂದೇ ಕಟ್ಟು ಮಾಡಿ. ಆಮೇಲೆ ಕಪಾಟಿಗೋ ಕ್ಯಾಬಿನ್ ಹಿಂದಿನ ಕಂಬಿಗೋ ಬಿಗಿಯಿರಿ. ಹಲಗೆ ಇಲ್ಲದಿದ್ದರೆ ಹಾಸಿಗೆ ನಡುವೆ ಕುಸಿದು ಡೊಂಕಾಗುತ್ತದೆ. ಇಷ್ಟು ಮಾಡಲು ಮನಸ್ಸಿಲ್ಲ ಅಂದರೆ ದೊಡ್ಡ ಗಾಡಿ ಹುಡುಕಿ, ಸುಮ್ನೆ ಅಪಾಯ ಬೇಡ.

ಫೋಮ್ ಹಾಸಿಗೆಯನ್ನು ಎರಡು ಮಡಿಕೆ ಮಾಡಿಯೂ ಒಯ್ಯಬಹುದು. ಮಲಗುವ ಮೇಲ್ಮೈ ಒಳಗೆ ಬರುವಂತೆ ಮಡಚಿ, ಹಳೇ ಪಂಚೆಯನ್ನೋ ಸೀರೆಯನ್ನೋ ಅಗಲವಾಗಿ ಸುತ್ತಿ ಎರಡು ಕಡೆ ಕಟ್ಟಿ. ಸಣ್ಣ ಹಗ್ಗ ಕಟ್ಟಿದರೆ ಅದು ಫೋಮ್‌ಗೆ ಇಳಿಯುತ್ತದೆ. ಊರೊಳಗಿನ ಸಾಗಾಟಕ್ಕೆ ಇದು ಸಾಕು. ಘಟ್ಟದ ಮೇಲಿನ ದೂರದ ಓಟಕ್ಕೆ ನಾನು ಮೊದಲು ಹೇಳಿದ ಅಡಿಕೆ ಹಾಳೆಯ ವಿಧಾನವನ್ನೇ ಹೇಳುತ್ತೇನೆ.

ಮಾಡಬಾರದ್ದು ಒಂದಿದೆ. ಹಾಸಿಗೆಯನ್ನು ಪಕ್ಕದ ಬಾಗಿಲುಗಳ ಮೇಲೆ ಹಾಸಿ, ಎರಡೂ ಕಡೆ ಅರ್ಧ ಅಡಿ ಹೊರಗೆ ಚಾಚಿಕೊಂಡು ಹೋಗುವುದು. ಗಾಡಿಯ ಮೈಯಿಂದ ಸಾಮಾನು ಪಕ್ಕಕ್ಕೆ ಹೊರಚಾಚಿದರೆ ಮೋಟಾರು ವಾಹನ ಕಾಯ್ದೆಯ 194ನೇ ಸೆಕ್ಷನ್ ಪ್ರಕಾರ ದಂಡ ಇದೆ. 2019ರ ತಿದ್ದುಪಡಿಯಲ್ಲಿ ಇದಕ್ಕೇ ಬೇರೆ ಉಪಸೆಕ್ಷನ್ ಬಂತು. ಸಾಮಾನನ್ನು ಅಲ್ಲೇ ಇಳಿಸುವ ಖರ್ಚನ್ನೂ ಕೊಡಬೇಕು. ದಂಡ ಬಿಡಿ, ಘಟ್ಟದ ತಿರುವಿನಲ್ಲಿ ಪಕ್ಕದಲ್ಲಿ ಬರುವ ಬೈಕಿನವನ ಭುಜಕ್ಕೆ ಅದು ತಾಗುತ್ತದೆ. ಹಾಸಿಗೆ ಹಾರದಂತೆ ಅದರ ಮೇಲೆ ಹುಡುಗರನ್ನು ಕೂರಿಸುವುದಂತೂ ಬೇಡವೇ ಬೇಡ. ಹಾಸಿಗೆಯನ್ನೇ ಎತ್ತುವ ಗಾಳಿ ಹುಡುಗನ ಜೊತೆಗೇ ಎತ್ತುತ್ತದೆ.

ಸುತ್ತುವುದು, ಹೊರಗೆ ತರುವುದು

ಹಿಂದಿನ ದಿನವೇ ಬೆಡ್‌ಶೀಟ್ ತೆಗೆದು ಹಾಸಿಗೆಯನ್ನು ಗಾಳಿಗೆ ಬಿಡಿ. ಕಾರವಾರದಲ್ಲಿ ಹಾಸಿಗೆ ಒಳಗೆ ಯಾವಾಗಲೂ ಸ್ವಲ್ಪ ತೇವ ಇದ್ದೇ ಇರುತ್ತದೆ. ಆ ತೇವದ ಸಮೇತ ಪ್ಲಾಸ್ಟಿಕ್‌ನಲ್ಲಿ ಮುಚ್ಚಿ, ಬಿಸಿಲಲ್ಲಿ ನಾಲ್ಕು ಗಂಟೆ ಒಯ್ದರೆ ಒಳಗೆ ಬೆವರುತ್ತದೆ.

ಮೊದಲು ಮೈಗೆ ಹಳೇ ಬೆಡ್‌ಶೀಟ್ ಸುತ್ತಿ. ಅದರ ಮೇಲೆ ಪ್ಲಾಸ್ಟಿಕ್ ಕವರ್. ಅಂಗಡಿಯಿಂದ ಬಂದಾಗಿನ ಕವರ್ ಉಳಿಸಿಕೊಂಡಿದ್ದರೆ ಅದೇ ಸರಿ, ಹರಿದಿದ್ದರೆ ಅಗಲ ಟೇಪ್ ಅಂಟಿಸಿ. ಗಾಡಿಯಲ್ಲಿ ಹಿಂದೆ ಬರುವ ತುದಿಯಲ್ಲಿ, ಅಡಿಭಾಗದಲ್ಲಿ, ಒಂದು ಅಂಗೈ ಅಗಲ ತೆರೆದಿಡಿ. ಫೋಮ್ ಒತ್ತಿದಾಗ ಗಾಳಿ ಹೊರಹೋಗಲು ದಾರಿ ಬೇಕು, ಇಲ್ಲದಿದ್ದರೆ ಕವರ್ ಬಲೂನಿನಂತೆ ಉಬ್ಬಿ ಹರಿಯುತ್ತದೆ.

ಎತ್ತುವಾಗ ಹಾಸಿಗೆಯ ಪಕ್ಕದಲ್ಲಿ ಹೊಲಿದ ಹಿಡಿಕೆಯನ್ನು ನಂಬಬೇಡಿ. ಅವು ಮಂಚದ ಮೇಲೆ ಸರಿಸಿಕೊಳ್ಳಲು ಇರುವುದು, ಭಾರ ಹೊರಲು ಅಲ್ಲ. ಎರಡು ಉದ್ದ ಹತ್ತಿ ಸೀರೆಗಳನ್ನು ಅಡಿಯಿಂದ ಹಾಯಿಸಿ, ತುದಿಗಳನ್ನು ಹೆಗಲಿಗೆ ಹಾಕಿಕೊಂಡು ಇಬ್ಬಿಬ್ಬರು ಎತ್ತಿದರೆ ಬೆನ್ನಿಗೂ ಸುಲಭ, ಹಾಸಿಗೆಗೂ ಕ್ಷೇಮ. ಬಾಗಿಲಲ್ಲಿ ಅಂಚಿನ ಮೇಲೆ ನಿಲ್ಲಿಸಿ ಹೊರಗೆ ತನ್ನಿ. ಮಹಡಿ ಮೆಟ್ಟಿಲಲ್ಲಿ ಗಟ್ಟಿ ಆಸಾಮಿ ಕೆಳಗೆ ಇರಲಿ, ದಾರಿ ಹೇಳುವವರು ಮೇಲೆ ಇರಲಿ. ನೆಲಕ್ಕೆ ಎಳೆಯುತ್ತಾ ತರಬೇಡಿ, ಒಂದು ಸಣ್ಣ ಕಲ್ಲು ಸಾಕು ಕವರ್ ಸೀಳಲು.

ಕಟ್ಟುವುದು

ಮೊದಲು ಡಾಲಾ ತಳಕ್ಕೆ ಒಂದು ತಾಡಪತ್ರಿ ಹಾಸಿ. ನಾಲ್ಕೂ ಕಡೆ ಹೊರಗೆ ಇಳಿಬಿಡಿ. ಮನೆಯಲ್ಲಿ ಅಡಿಕೆ ಒಣಗಿಸುವ ತಾಡಪತ್ರಿ ಇದ್ದರೆ ಅದನ್ನು ಹೊರಗಿನ ಹೊದಿಕೆಗೆ ಇಟ್ಟುಕೊಳ್ಳಿ, ಹಾಸಿಗೆಗೆ ತಾಗುವ ಕಡೆ ಬೇಡ. ಅಡಿಕೆ ಚೊಗರಿನ ಕಲೆ ಬಟ್ಟೆಗೆ ಹತ್ತಿದರೆ ಹೋಗುವುದಿಲ್ಲ.

ಹಾಸಿಗೆ ಇಟ್ಟ ಮೇಲೆ ಉದ್ದದಲ್ಲಿ ಎಂಟಿಂಚಿನಷ್ಟು ಜಾಗ ಉಳಿಯುತ್ತದೆ. ಅದನ್ನು ಖಾಲಿ ಬಿಡಬೇಡಿ. ಹಿಂದೆ ಬಟ್ಟೆ ಗಂಟು ತುರುಕಿ, ಹಾಸಿಗೆ ಕ್ಯಾಬಿನ್ ಕಡೆಗೆ ಒತ್ತಿ ಕೂರಲಿ. ಘಟ್ಟ ಹತ್ತುವಾಗ ಎಲ್ಲ ಸಾಮಾನೂ ಹಿಂದಕ್ಕೆ ಜಾರುತ್ತದೆ. ಹಿಂದಿನ ಬಾಗಿಲಿನ ಕೊಂಡಿ ಎರಡೂ ಕಡೆ ಬಿದ್ದಿದೆಯಾ ಅಂತ ಕೈಯಿಂದ ಎಳೆದು ನೋಡಿ.

ಮೇಲೆ ಹೊದಿಸುವ ತಾಡಪತ್ರಿಯ ಮುಂದಿನ ಅಂಚನ್ನು ಹಾಸಿಗೆಯ ಅಡಿಗೆ ಮಡಚಿ ಸಿಕ್ಕಿಸಿ. ಗಾಳಿ ಮೊದಲು ಹುಡುಕುವುದು ಅದೇ ಬಾಯನ್ನು. ಎರಡು ತುಂಡು ಜೋಡಿಸಬೇಕಾದರೆ ಮುಂದಿನ ತುಂಡು ಹಿಂದಿನ ತುಂಡಿನ ಮೇಲೆ ಬರಲಿ. ತಳದ ತಾಡಪತ್ರಿಯ ಅಂಚುಗಳನ್ನು ಮೇಲೆತ್ತಿ ಈ ಹೊದಿಕೆಯ ಒಳಗೆ ಸೇರಿಸಿ. ಆಗ ಮೇಲಿನಿಂದ ಇಳಿದ ನೀರು ಹೊರಗೇ ಹೋಗುತ್ತದೆ. ತಾಡಪತ್ರಿಯ ಬಾಲ ಹಿಂದಿನ ದೀಪಕ್ಕೂ ನಂಬರ್ ಪ್ಲೇಟಿಗೂ ಅಡ್ಡ ಬಾರದಂತೆ ಮಡಚಿ ಕಟ್ಟಿ.

ಹಗ್ಗ ಹಾಸಿಗೆಗೆ ನೇರ ತಾಗಬಾರದು. ಎರಡು ಮರದ ರೀಪುಗಳನ್ನು, ಗೋಣಿಚೀಲ ಸುತ್ತಿ, ಹಾಸಿಗೆಯ ಉದ್ದಕ್ಕೆ ಮೇಲೆ ಇಡಿ. ಹಗ್ಗ ಆ ರೀಪುಗಳ ಮೇಲೆ ಅಡ್ಡ ಹಾಯಲಿ. ಎಳೆತ ಒಂದೇ ಗೆರೆಯಲ್ಲಿ ಬೀಳದೆ ಇಡೀ ಹಾಸಿಗೆಗೆ ಹಂಚಿಹೋಗುತ್ತದೆ. ರೀಪು ಗಾಡಿಯಿಂದ ಹಿಂದಕ್ಕೆ ಚಾಚಬಾರದು.

ಅಡ್ಡ ಹಗ್ಗ ಮೂರು ಬೇಕು. ಮೊದಲನೆಯದು ಮುಂದಿನ ಅಂಚಿನಿಂದ ಒಂದು ಅಡಿ ಹಿಂದೆ. ಇದು ಎಲ್ಲಕ್ಕಿಂತ ಬಿಗಿ ಇರಬೇಕು. ಎರಡನೆಯದು ನಡುವೆ, ಮೂರನೆಯದು ಹಿಂದಿನ ಅಂಚಿನ ಹತ್ತಿರ. ಆಮೇಲೆ ಮೂಲೆಯಿಂದ ಮೂಲೆಗೆ ಎರಡು ಹಗ್ಗ ಕತ್ತರಿಯಾಕಾರದಲ್ಲಿ. ಅಗಲದ ಬೆಲ್ಟ್, ಅದರಲ್ಲೂ ಲಿವರ್ ಎಳೆದು ಬಿಗಿಯುವ ರ‍್ಯಾಚೆಟ್ ಬೆಲ್ಟ್ ಸಿಕ್ಕರೆ ಅದೇ ಉತ್ತಮ. ಆದರೆ ಲಿವರ್ ಸಿಕ್ಕಿತು ಅಂತ ಎಳೆಯುತ್ತಲೇ ಇರಬೇಡಿ. ಹಾಸಿಗೆ ಒಂದೆರಡು ಇಂಚು ಒತ್ತಿಕೊಂಡರೆ ಸಾಕು.

ಬರೀ ಹಗ್ಗ ಇದ್ದರೆ ಲಾರಿಯವರು ಹಾಕುವ ಗಂಟನ್ನು ಕಲಿತುಕೊಳ್ಳಿ. ಹಗ್ಗದ ಒಂದು ತುದಿಯನ್ನು ಎಡಗಡೆಯ ಕೊಂಡಿಗೆ ಕಟ್ಟಿ. ಹಾಸಿಗೆ ಮೇಲಿಂದ ಬಲಗಡೆಗೆ ತನ್ನಿ. ಕೊಂಡಿಗಿಂತ ಒಂದೂವರೆ ಅಡಿ ಮೇಲೆ ಹಗ್ಗದಲ್ಲೇ ಒಂದು ಕುಣಿಕೆ ಮಾಡಿ. ಉಳಿದ ತುದಿಯನ್ನು ಬಲಗಡೆ ಕೊಂಡಿಯ ಅಡಿಯಿಂದ ಹಾಯಿಸಿ, ಮತ್ತೆ ಮೇಲೆ ತಂದು ಕುಣಿಕೆಯೊಳಗೆ ತೂರಿಸಿ, ಕೆಳಕ್ಕೆ ಎಳೆಯಿರಿ. ಕುಣಿಕೆ ರಾಟೆಯ ಕೆಲಸ ಮಾಡುತ್ತದೆ, ನಿಮ್ಮ ಎಳೆತದ ಬಲ ಜಾಸ್ತಿಯಾಗುತ್ತದೆ. ಎಳೆದ ಬಿಗಿ ಸಡಿಲವಾಗದಂತೆ ಕುಣಿಕೆಯ ಕೆಳಗೆ ಎರಡು ಅರ್ಧಗಂಟು ಹಾಕಿ. ಈ ಗಂಟು ಬಿಚ್ಚುವುದೂ ಸುಲಭ, ದಾರಿಯಲ್ಲಿ ಮತ್ತೆ ಬಿಗಿಯುವುದೂ ಸುಲಭ.

ಕೊನೆಯದಾಗಿ, ಕರಾವಳಿಯವರಿಗೆ ಮಾತ್ರ ಸುಲಭವಾಗಿ ಸಿಗುವ ಒಂದು ವಸ್ತು: ಹರಿದ ನೈಲಾನ್ ಮೀನುಬಲೆ. ಚೆನ್ನಾಗಿ ತೊಳೆದು ಒಣಗಿಸಿದ ಬಲೆಯ ತುಂಡನ್ನು ತಾಡಪತ್ರಿಯ ಮೇಲೆ ಹರಡಿ ನಾಲ್ಕೂ ಕಡೆ ಕೊಂಡಿಗೆ ಸಿಕ್ಕಿಸಿದರೆ ತಾಡಪತ್ರಿ ಎಲ್ಲೂ ಪಟಪಟ ಅನ್ನುವುದಿಲ್ಲ. ತಾಡಪತ್ರಿ ಹರಿಯುವುದು ಹೆಚ್ಚಾಗಿ ಈ ಬಡಿತದಿಂದಲೇ.

ದಾರಿಯಲ್ಲಿ

ಹೊರಟ ಎರಡು ಮೂರು ಕಿಲೋಮೀಟರ್‌ಗೆ ಒಮ್ಮೆ ನಿಲ್ಲಿಸಿ. ಫೋಮ್ ಕುಸಿದು ಹಗ್ಗ ಸಡಿಲ ಆಗುವುದು ಆಗಲೇ. ಕಾರವಾರದಿಂದ ಹೊರಟವರು ಬಿಣಗಾ ದಾಟುವ ಮೊದಲೇ ಒಂದು ಕಡೆ ಬದಿಗೆ ಹಾಕಿ ಎಲ್ಲ ಹಗ್ಗವನ್ನೂ ಬೆರಳಿನಿಂದ ಮೀಟಿ ನೋಡಿ, ಸಡಿಲ ಇದ್ದುದನ್ನು ಬಿಗಿಯಿರಿ.

ಮುಂದೆ 66ನೇ ಹೆದ್ದಾರಿ ಅಗಲವಾಗಿದೆ ಅಂತ ಡ್ರೈವರ್‌ಗೆ ವೇಗ ಏರಿಸುವ ಆಸೆ ಆಗುತ್ತದೆ. 40ರಿಂದ 50ರ ಒಳಗೇ ಇರಲಿ. ಗಂಗಾವಳಿ ಸೇತುವೆ, ಮಿರ್ಜಾನ್ ದಾಟಿದ ಮೇಲಿನ ಅಘನಾಶಿನಿ ಸೇತುವೆ, ಎರಡರ ಮೇಲೂ ಸಮುದ್ರದ ಕಡೆಯಿಂದ ಪಕ್ಕದ ಗಾಳಿ ಬೀಸುತ್ತದೆ. ಹಾಸಿಗೆ ನಿಲ್ಲಿಸಿದ್ದರೆ ಅಲ್ಲಿ 30ಕ್ಕೆ ಇಳಿಸಿ. ಮಧ್ಯಾಹ್ನದ ಮೇಲೆ ಕಡಲಗಾಳಿ ಜೋರಾಗುತ್ತದೆ, ಬೆಳಿಗ್ಗೆ ಬೇಗ ಹೊರಟರೆ ಈ ತೊಂದರೆ ಕಡಿಮೆ.

ಕುಮಟಾದಿಂದ ಶಿರಸಿಗೆ ಸುಮಾರು 60 ಕಿ.ಮೀ. ಕತಗಾಲದಲ್ಲಿ ಚಹಾ ಕುಡಿಯಲು ನಿಲ್ಲಿಸಿ, ಎರಡನೇ ಸಲ ಹಗ್ಗ ನೋಡಿ. ಅಲ್ಲಿಂದ ಮುಂದೆ ದೇವಿಮನೆ ಘಟ್ಟ. ತಿರುವಿನಲ್ಲಿ ಸಾಮಾನು ಎಡಕ್ಕೂ ಬಲಕ್ಕೂ ತೂಗುತ್ತದೆ, ಕತ್ತರಿ ಹಗ್ಗಗಳು ಕೆಲಸ ಮಾಡುವುದು ಇಲ್ಲೇ. ಘಟ್ಟ ಹತ್ತಿದ ಮೇಲೆ ಇನ್ನೊಮ್ಮೆ ನೋಡಿದರೆ ಶಿರಸಿವರೆಗೆ ಯೋಚನೆ ಇಲ್ಲ.

ಮಳೆಗಾಲದಲ್ಲಿ ಗಾಡಿಗೆ ಸಾಮಾನು ಹತ್ತಿಸುವ ಮೊದಲು ದಾರಿ ತೆರೆದಿದೆಯಾ ಅಂತ ವಿಚಾರಿಸಲೇಬೇಕು. 2024ರ ಜುಲೈ 16ರಂದು ಅಂಕೋಲಾ ತಾಲ್ಲೂಕಿನ ಶಿರೂರಿನಲ್ಲಿ ಗುಡ್ಡ ಕುಸಿದು ಜೀವಹಾನಿಯಾಯಿತು, ಹೆದ್ದಾರಿ ದಿನಗಟ್ಟಲೆ ಬಂದ್ ಆಯಿತು. ದೇವಿಮನೆ ಘಟ್ಟವೂ ಮಣ್ಣು ಕುಸಿದು, ರಸ್ತೆ ಅಗಲ ಮಾಡುವ ಕೆಲಸಕ್ಕಾಗಿ, ಆಗಾಗ ಮುಚ್ಚಿದೆ. ದಾರಿ ಮುಚ್ಚಿದರೆ ಜನ ಎಲ್ಲಾದರೂ ಉಳಿದುಕೊಳ್ಳಬಹುದು. ತಾಡಪತ್ರಿಯ ಅಡಿಯಲ್ಲಿ ರಾತ್ರಿಯಿಡೀ ಮಳೆಯಲ್ಲಿ ನಿಂತ ಹಾಸಿಗೆ ಬೆಳಿಗ್ಗೆ ಹೊತ್ತಿಗೆ ತೇವ ಹಿಡಿದಿರುತ್ತದೆ. ಅಂಥ ದಿನ ಬಂದರೆ ಗಾಡಿಯನ್ನು ಯಾವುದಾದರೂ ಮಾಡಿನ ಅಡಿಗೆ ನಿಲ್ಲಿಸಿ, ಹೊದಿಕೆಯ ಹಿಂದಿನ ಬಾಯಿ ತೆರೆದಿಡಿ. ಸಾಗಿಸುವ ಕೆಲಸ ಮುಂದೂಡಲು ಬರುವಂತಿದ್ದರೆ ಮಳೆ ಮುಗಿದ ಮೇಲೆ ಮಾಡುವುದೇ ಸರಿ.

ಗಾಡಿ ಹೋಗದ ಕೊನೆಯ ದಾರಿ

ಶಿರಸಿ, ಸಿದ್ದಾಪುರ, ಯಲ್ಲಾಪುರ ಕಡೆ ಎಷ್ಟೋ ಮನೆಗಳಿಗೆ ಏಸ್ ಗಾಡಿ ಅಂಗಳದವರೆಗೆ ಬರುವುದಿಲ್ಲ. ದಣಪೆಯ (ಬೇಲಿಯ ಬಾಗಿಲಿನ) ಹತ್ತಿರ ನಿಲ್ಲುತ್ತದೆ. ಅಲ್ಲಿಂದ ತೋಟದ ದಾರಿ. ಟಿಲ್ಲರ್ ಇರುವ ಮನೆಯಾದರೆ ಅದರ ಸಣ್ಣ ಟ್ರೇಲರ್ ಬಳಸಬಹುದು. ಆದರೆ ಟಿಲ್ಲರ್ ಟ್ರೇಲರ್‌ಗೆ ಸ್ಪ್ರಿಂಗ್ ಪಟ್ಟಿ ಇರದಿದ್ದರೆ ಕುಲುಕಾಟ ವಿಪರೀತ. ಅಡಿಗೆ ಹುಲ್ಲು ದಪ್ಪಗೆ ಹಾಸಿ, ಅದರ ಮೇಲೆ ತಾಡಪತ್ರಿ, ಅದರ ಮೇಲೆ ಹಾಸಿಗೆ. ಇಲ್ಲಿ ಗಾಳಿಯ ಭಯ ಇಲ್ಲ, ನಡಿಗೆಯ ವೇಗ ಸಾಕು. ಹಾಸಿಗೆ ಪಕ್ಕಕ್ಕೆ ವಾಲದಂತೆ ಇಬ್ಬರು ಜೊತೆಗೆ ನಡೆಯಲಿ, ಮೇಲೆ ಹತ್ತಬಾರದು. ದಾರಿಬದಿಯ ಬೇಲಿಯ ಮುಳ್ಳು, ಚಾಚಿದ ಬಿದಿರು ಕವರ್ ಹರಿಯುತ್ತವೆ. ಒಬ್ಬರು ಕತ್ತಿ ಹಿಡಿದು ಮುಂದೆ ಹೋದರೆ ಒಳ್ಳೆಯದು.

ಮಧ್ಯೆ ಕಾಲುಸಂಕ (ಹಳ್ಳ ದಾಟುವ ಸಣ್ಣ ಕಾಲುಸೇತುವೆ) ಇದ್ದರೆ ಹಾಸಿಗೆಯನ್ನು ಅಗಲವಾಗಿ ಹಿಡಿದು ದಾಟಬೇಡಿ. ಅಂಚಿನ ಮೇಲೆ ನಿಲ್ಲಿಸಿ, ಮುಂದೊಬ್ಬರು ಹಿಂದೊಬ್ಬರು ಸೀರೆಯ ಜೋಲಿಯಲ್ಲಿ ಹೊತ್ತು, ಒಂದೇ ಸಾಲಿನಲ್ಲಿ ನಡೆಯಬೇಕು. ಗಾಳಿ ಬೀಸುತ್ತಿದ್ದರೆ, ಸಂಕ ಒದ್ದೆಯಾಗಿದ್ದರೆ, ಹಾಸಿಗೆ ಈಚೆಯ ಮನೆಯವರ ಜಗುಲಿಯಲ್ಲಿ ಇರಲಿ. ಮರುದಿನ ತಂದರಾಯಿತು.

ಹಳೇ ಮನೆಗಳ ಮೆತ್ತಿಗೆ (ಮಹಡಿಗೆ) ಹೋಗುವ ಕಡಿದಾದ ಮರದ ಏಣಿಮೆಟ್ಟಿಲಲ್ಲಿ ಆರಡಿ ಹಾಸಿಗೆ ತಿರುಗುವುದಿಲ್ಲ. ಹೊರಗಿನಿಂದ ಎಳೆಯಬೇಕು. ಮೇಲಿನ ಕಟಕಟೆಗೆ ಗೋಣಿಚೀಲ ಹೊದಿಸಿ, ಹಾಸಿಗೆಗೆ ಎರಡು ಕಡೆ ಅಗಲದ ಬೆಲ್ಟ್ ಸುತ್ತಿ, ಮೇಲೆ ಇಬ್ಬರು ಎಳೆಯಲಿ, ಕೆಳಗೆ ಒಬ್ಬರು ಬದಿಯಲ್ಲಿ ನಿಂತು ಹಗ್ಗದಿಂದ ದಿಕ್ಕು ಹಿಡಿಯಲಿ. ಹಾಸಿಗೆಯ ನೇರ ಅಡಿಗೆ ಯಾರೂ ನಿಲ್ಲಬಾರದು.

ಬಿಚ್ಚಿದ ಮೇಲೆ

ಡ್ರೈವರ್ ಹೊರಡುವ ಮೊದಲೇ ಪ್ಲಾಸ್ಟಿಕ್ ತೆಗೆದು ನಾಲ್ಕೂ ಅಂಚು, ಎರಡೂ ಮೈ ನೋಡಿ. ಏನಾದರೂ ಆಗಿದ್ದರೆ ಆಗಲೇ ಇಬ್ಬರೂ ಸೇರಿ ನೋಡಬಹುದು, ಆಮೇಲೆ ಫೋನಿನಲ್ಲಿ ಮಾತು ಬೆಳೆಸುವ ಪ್ರಮೇಯ ಬರುವುದಿಲ್ಲ.

ಪ್ಲಾಸ್ಟಿಕ್ ಅನ್ನು ನಾಳೆ ತೆಗೆದರಾಯಿತು ಅಂತ ಬಿಡಬೇಡಿ. ಘಟ್ಟದ ಮೇಲೆ ಮಳೆಗಾಲದಲ್ಲಿ ಬೂಸ್ಟು ಬರಲು ಹೆಚ್ಚು ದಿನ ಬೇಡ. ಹಾಸಿಗೆಯನ್ನು ಗೋಡೆಗೆ ಅಂಚಿನ ಮೇಲೆ ನಿಲ್ಲಿಸಿ, ಗೋಡೆಗೂ ಅದಕ್ಕೂ ನಡುವೆ ಸ್ವಲ್ಪ ಜಾಗ ಬಿಟ್ಟು, ಫ್ಯಾನ್ ಹಾಕಿ ನಾಲ್ಕೈದು ಗಂಟೆ ಬಿಡಿ. ಬಾಗಿದ್ದ ಫೋಮ್ ಅಷ್ಟರಲ್ಲಿ ನೇರವಾಗುತ್ತದೆ. ಮೂಲೆ ಒದ್ದೆಯಾಗಿದ್ದರೆ ಒಣಬಟ್ಟೆಯನ್ನು ಒತ್ತಿ ಒತ್ತಿ ನೀರು ತೆಗೆಯಿರಿ, ಉಜ್ಜಿದರೆ ನೀರು ಒಳಕ್ಕೆ ಇಳಿಯುತ್ತದೆ. ಕಾಯರ್ ಹಾಸಿಗೆಯನ್ನು ಅಂಗಳದ ಬಿಸಿಲಿಗೆ ಹಾಕಬಹುದು. ಲೇಟೆಕ್ಸನ್ನು ನೇರ ಬಿಸಿಲಿಗೆ ಇಡಬಾರದು, ಅದು ಗಟ್ಟಿಯಾಗಿ ಪುಡಿ ಉದುರಲು ಶುರುವಾಗುತ್ತದೆ. ಅದಕ್ಕೆ ನೆರಳಿನ ಗಾಳಿಯೇ ಸರಿ. ಸ್ಪ್ರಿಂಗ್ ಹಾಸಿಗೆ ಒಳಗೆ ಒದ್ದೆಯಾಗಿದ್ದರೆ ತಂತಿ ತುಕ್ಕು ಹಿಡಿಯುತ್ತದೆ. ಪೂರ್ತಿ ಒಣಗುವವರೆಗೆ, ಎರಡು ಮೂರು ದಿನವಾದರೂ, ಅದರ ಮೇಲೆ ಬೆಡ್‌ಶೀಟ್ ಹಾಸಬೇಡಿ. ಅಷ್ಟು ದಿನ ಚಾಪೆಯ ಮೇಲೆ ಮಲಗಿ.